ಸಬ್‌ಮರೀನ್ ಎಷ್ಟು ಹೊತ್ತು ಮುಳುಗಿರಬಹುದು?

ಯಾವ ದೇಶದ ಹತ್ತಿರ ಎಷ್ಟು ಸಬ್‌ಮರೀನ್ ಇವೆ ಅಂತ ರೀಲ್ಸ್‌ನಲ್ಲಿ ಪಟ್ಟಿ ಬರ್ತಾನೇ ಇರುತ್ತೆ. ನಾನೂ ಮೊದಲು ನಂಬರ್ ಮಾತ್ರ ನೋಡ್ತಿದ್ದೆ.

ನಮ್ಮ ಸಿಂಧನೂರು ಕಡೆ ಕಾಲುವೆ ದಂಡೆ ಮೇಲಿನ ಡೀಸೆಲ್ ಇಂಜಿನ್ ನೋಡಿರ್ತೀರಿ. ಗಾಳಿ ಇಲ್ಲದಿದ್ರೆ ಅದು ಓಡಲ್ಲ. ಸಬ್‌ಮರೀನ್ ಒಳಗಿನ ಡೀಸೆಲ್ ಇಂಜಿನ್ನೂ ಹಾಗೇ. ನೀರೊಳಗೆ ನೌಕೆ ಬ್ಯಾಟರಿ ಮೇಲೆ ಸದ್ದಿಲ್ಲದೆ ಸಾಗುತ್ತೆ. ಚಾರ್ಜ್ ಇಳಿದಾಗ ಮೇಲ್ಮೈ ಹತ್ತಿರ ಬಂದು, ಕೊಳವೆಯಿಂದ ಗಾಳಿ ಎಳೆದು ಇಂಜಿನ್ ಓಡಿಸಬೇಕು. ಶತ್ರುವಿನ ಕಣ್ಣಿಗೆ ಬೀಳೋ ಅಪಾಯ ಆಗಲೇ ಹೆಚ್ಚು.

2025ರ ಜನವರಿಯಲ್ಲಿ ಐಎನ್‌ಎಸ್ ವಾಗ್ಶೀರ್ ಸೇರಿ ಭಾರತದ ಕಲ್ವರಿ ವರ್ಗದ ಆರೂ ನೌಕೆ ಪೂರ್ತಿಯಾದವು. ಹೊಸವೇ, ಆದ್ರೆ ಈ ತೊಂದರೆ ಇವಕ್ಕೂ ಇದೆ. ಕಾರವಾರದ ನೌಕಾನೆಲೆ ಇರೋ ಅರಬ್ಬಿ ಸಮುದ್ರಕ್ಕೇ ಪಾಕಿಸ್ತಾನದ ಸಬ್‌ಮರೀನ್‌ಗಳೂ ಇಳೀತವೆ. ಅವು ಸಂಖ್ಯೆಯಲ್ಲಿ ಕಡಿಮೆ; ಆದ್ರೆ ಮೂರು ಅಗೋಸ್ಟಾ 90ಬಿ ನೌಕೆಗಳಲ್ಲಿ ಎಐಪಿ ಇದೆ, ಅಂದ್ರೆ ಹೊರಗಿನ ಗಾಳಿ ಇಲ್ಲದೆ ಕರೆಂಟ್ ತಯಾರಿಸೋ ವ್ಯವಸ್ಥೆ. ಹಲವು ದಿನ ಮೇಲೆ ಬರಬೇಕಿಲ್ಲ. ಇಂಥದ್ದೇ ವ್ಯವಸ್ಥೆಯ ಸ್ವೀಡನ್ನಿನ ಪುಟ್ಟ ಗಾಟ್‌ಲ್ಯಾಂಡ್, 2005ರ ಸಮರಾಭ್ಯಾಸದಲ್ಲಿ ಅಮೆರಿಕದ ವಿಮಾನವಾಹಕ ರೊನಾಲ್ಡ್ ರೇಗನ್ ಹತ್ತಿರಕ್ಕೇ ನುಸುಳಿತ್ತು!

ಅಮೆರಿಕದ ಸಬ್‌ಮರೀನ್‌ಗಳೆಲ್ಲ ಪರಮಾಣು ಶಕ್ತಿಯವು. ಊಟದ ದಾಸ್ತಾನು ಮುಗಿಯೋವರೆಗೂ ಒಳಗೇ ಇರಬಹುದು. ನಮ್ಮ ಅರಿಹಂತ್, ಅರಿಘಾತ್ ಕೂಡ ಪರಮಾಣು ನೌಕೆಗಳೇ, ಆದ್ರೆ ಅವುಗಳ ಕೆಲಸ ಅಣ್ವಸ್ತ್ರ ಕ್ಷಿಪಣಿ ಹೊತ್ತು ಅಡಗಿರೋದು. ಶತ್ರು ಹಡಗಿನ ಬೇಟೆ ಡೀಸೆಲ್ ನೌಕೆಗಳ ಪಾಲಿಗೇ.

ಕಲ್ವರಿಗಳಿಗೆ ಡಿಆರ್‌ಡಿಒ ಎಐಪಿ ಹಾಕೋಕೆ 2024ರ ಡಿಸೆಂಬರ್‌ನಲ್ಲಿ ಸುಮಾರು 1,990 ಕೋಟಿ ರೂಪಾಯಿಯ ಒಪ್ಪಂದ ಆಗಿದೆ. ಕೂರಿಸಬೇಕಂದ್ರೆ ನೌಕೆಯನ್ನ ಅಡ್ಡಕ್ಕೆ ಕತ್ತರಿಸಿ, ನಡುವೆ ಹೊಸ ತುಂಡು ಬೆಸೀಬೇಕು.