ವೇಷಧಾರಿಯ ಕೈ ಹಿಡಿದ ಬಾಲಕ

'ವ್ಯಕ್ತಿ' ಎಂಬ ಅರ್ಥದಲ್ಲಿ ನಾವು ಬಳಸುವ ಲತೀನ್ ಭಾಷೆಯ 'ಪೆರ್ಸೋನ' ಎಂಬ ಪದವು ಮೂಲತಃ ನಟನು ರಂಗದ ಮೇಲೆ ಧರಿಸುತ್ತಿದ್ದ ಮುಖವಾಡವನ್ನು ಸೂಚಿಸುತ್ತಿತ್ತು. ಪವಿತ್ರ ತ್ರಿತ್ವದ ರಹಸ್ಯವನ್ನು ವಿವರಿಸಲು ಧರ್ಮಸಭೆಯ ಪಂಡಿತರು ಇದೇ ಪದವನ್ನು ಆಯ್ದುಕೊಂಡರು. ಮುಖವಾಡಕ್ಕೂ ಮನುಷ್ಯನ ಅಂತರಂಗಕ್ಕೂ ಇರುವ ಈ ನಂಟನ್ನು ತಮ್ಮ ಬಾಳಿನಲ್ಲಿಯೇ ಕಂಡುಕೊಂಡ ಕಲಾವಿದರು ಇಂಗ್ಲೆಂಡಿನ ಸರ್ ಅಲೆಕ್ ಗಿನ್ನೆಸ್.

1914ರ ಏಪ್ರಿಲ್ 2ರಂದು ಲಂಡನ್ನಿನಲ್ಲಿ ಜನಿಸಿದ ಅವರ ಜನನಪತ್ರದಲ್ಲಿ ತಂದೆಯ ಹೆಸರಿನ ಸ್ಥಳ ಖಾಲಿಯಾಗಿತ್ತು. 14 ವರ್ಷ ತುಂಬುವುದರೊಳಗೆ ಅವರಿಗೆ ಮೂರು ಹೆಸರುಗಳಾಗಿದ್ದವು. ಸುಮಾರು 30 ಬಾಡಿಗೆ ಬಿಡಾರಗಳನ್ನು ಬದಲಿಸಿಯಾಗಿತ್ತು. ತನ್ನದೆಂಬ ಗುರುತೇ ನಿಶ್ಚಿತವಿಲ್ಲದ ಬಾಲಕನು ಪರರ ಮುಖಗಳನ್ನು ಧರಿಸುವ ವೃತ್ತಿಯನ್ನು ಆರಿಸಿಕೊಂಡುದರಲ್ಲಿ ಆಶ್ಚರ್ಯವೇನಿಲ್ಲ. 1938ರಲ್ಲಿ, ಇನ್ನೂ 24ರ ಹರೆಯದಲ್ಲಿ, ಲಂಡನ್ನಿನ ಓಲ್ಡ್ ವಿಕ್ ರಂಗಮಂದಿರದಲ್ಲಿ ಅವರು ಹ್ಯಾಮ್ಲೆಟ್ ಆದರು. ಮಹಾಯುದ್ಧದಲ್ಲಿ ನೌಕಾಪಡೆಯ ಸೇವೆ ಸಲ್ಲಿಸಿ ಮರಳಿದ ಮೇಲೆ ಚಲನಚಿತ್ರರಂಗವು ಅವರನ್ನು ಬರಮಾಡಿಕೊಂಡಿತು. 1949ರ 'ಕೈಂಡ್ ಹಾರ್ಟ್ಸ್ ಅಂಡ್ ಕೊರೊನೆಟ್ಸ್' ಚಿತ್ರದಲ್ಲಿ ಒಂದೇ ಮನೆತನದ ಎಂಟು ಮಂದಿಯ ಪಾತ್ರಗಳನ್ನು ಅವರೊಬ್ಬರೇ ನಿರ್ವಹಿಸಿದರು. ಅವರಲ್ಲಿ ಒಬ್ಬ ಮಹಿಳೆಯೂ ಇದ್ದಳು!

ಆದರೆ ಅವರನ್ನು ಬದಲಿಸಿದ ವೇಷ ಬೇರೊಂದು. ಚೆಸ್ಟರ್ಟನ್ನರ ಕಥೆಗಳನ್ನು ಆಧರಿಸಿ 1954ರಲ್ಲಿ ತೆರೆಕಂಡ 'ಫಾದರ್ ಬ್ರೌನ್' ಚಿತ್ರದ ಚಿತ್ರೀಕರಣ ಫ್ರಾನ್ಸಿನ ಬರ್ಗಂಡಿ ಪ್ರಾಂತದಲ್ಲಿ ನಡೆದಿತ್ತು. ಗಿನ್ನೆಸ್ ಆಗ ಕಥೋಲಿಕರಲ್ಲ. ನಮ್ಮ ಧರ್ಮಸಭೆಯ ಬಗ್ಗೆ ಪೂರ್ವಗ್ರಹಗಳೂ ಅವರಲ್ಲಿದ್ದವು. ಒಂದು ಸಂಜೆ ಮಬ್ಬುಗತ್ತಲಲ್ಲಿ, ಗುರುವಿನ ನಿಲುವಂಗಿಯನ್ನು ಕಳಚದೆಯೇ ಬಿಡಾರಕ್ಕೆ ನಡೆದು ಬರುತ್ತಿದ್ದಾಗ, ಏಳೆಂಟು ವರ್ಷದ ಅಪರಿಚಿತ ಬಾಲಕನೊಬ್ಬ 'ಫಾದರ್' ಎಂದು ಕರೆಯುತ್ತ ಓಡಿಬಂದು ಅವರ ಕೈ ಹಿಡಿದ. ಕೈಯನ್ನು ತೂಗುತ್ತ ಎಡೆಬಿಡದೆ ಹರಟಿದ. ತಮ್ಮ ಹರಕು ಫ್ರೆಂಚ್ ಕೇಳಿ ಮಗು ಬೆದರೀತೆಂದು ಅವರು ಬಾಯಿಬಿಡಲಿಲ್ಲ. ಕೊನೆಗೆ ಬಾಲಕ ವಂದಿಸಿ, ಬೇಲಿಯ ಕಂಡಿಯೊಳಗೆ ನುಸುಳಿ ಮರೆಯಾದ. ಗುರುತೇ ಇಲ್ಲದ ಗುರುವಿನಲ್ಲಿಯೂ ಮಗುವಿಗೆ ಇಷ್ಟು ಭರವಸೆ ಮೂಡಿಸಬಲ್ಲ ಧರ್ಮಸಭೆ ತಾನು ಭಾವಿಸಿದಷ್ಟು ಕುಟಿಲವಾಗಿರಲಾರದು ಎಂಬ ಯೋಚನೆ ಅವರಲ್ಲಿ ಮೊಳೆಯಿತು.

ಮಗ ಮ್ಯಾಥ್ಯೂ 11ನೆಯ ವಯಸ್ಸಿನಲ್ಲಿ ಪೋಲಿಯೋ ಪೀಡಿತನಾಗಿ, ಸೊಂಟದಿಂದ ಕೆಳಗೆ ಸ್ವಾಧೀನ ಕಳೆದುಕೊಂಡಿದ್ದ. ದಿಕ್ಕು ತೋಚದ ತಂದೆ ದಾರಿಯಲ್ಲಿದ್ದ ಚಿಕ್ಕ ಕಥೋಲಿಕ ದೇವಾಲಯವೊಂದನ್ನು ಹೊಕ್ಕು ಮೌನವಾಗಿ ಕುಳಿತಿರುತ್ತಿದ್ದರು. ಮಗ ಗುಣಮುಖನಾದರೆ, ಅವನು ಕಥೋಲಿಕನಾಗಲು ಬಯಸಿದಲ್ಲಿ ಅಡ್ಡಿಯಾಗೆನೆಂದು ಅವರು ದೇವರಿಗೆ ಮಾತು ಕೊಟ್ಟರು. ಮಗ ಚೇತರಿಸಿಕೊಂಡ, ಕಥೋಲಿಕನೂ ಆದ. 1956ರ ಮಾರ್ಚ್‌ನಲ್ಲಿ ತಂದೆಯೂ ಧರ್ಮಸಭೆಯನ್ನು ಸೇರಿದರು. ಅನಂತರ 'ದಿ ಬ್ರಿಜ್ ಆನ್ ದಿ ರಿವರ್ ಕ್ವಾಯ್' ಚಿತ್ರಕ್ಕಾಗಿ ಅವರು ಸಿಲೋನಿನಲ್ಲಿದ್ದಾಗ ಪತ್ನಿ ಮೆರುಲಾ ಅದೇ ಹಾದಿ ಹಿಡಿದರು. ಆ ಚಿತ್ರ ಅವರಿಗೆ ಆಸ್ಕರ್ ಪ್ರಶಸ್ತಿ ತಂದಿತು. 1977ರ 'ಸ್ಟಾರ್ ವಾರ್ಸ್' ಅವರನ್ನು ಮಕ್ಕಳಿಗೂ ಪರಿಚಯಿಸಿತು.

ಎಲ್ಲ ವೇಷಗಳೂ ಅವರಿಗೆ ಒಪ್ಪಿದವೆಂದಲ್ಲ. ನಮ್ಮ ಬೆಂಗಳೂರಿನಲ್ಲಿಯೂ ಸಾವನದುರ್ಗದಲ್ಲಿಯೂ ಚಿತ್ರೀಕರಣಗೊಂಡು 1984ರಲ್ಲಿ ತೆರೆಕಂಡ 'ಎ ಪ್ಯಾಸೇಜ್ ಟು ಇಂಡಿಯಾ'ದಲ್ಲಿ ಅವರು ಬಣ್ಣ ಬಳಿದುಕೊಂಡು ಭಾರತೀಯ ಬ್ರಾಹ್ಮಣರಾದುದು ಟೀಕೆಗೆ ಗುರಿಯಾಯಿತು. 2000ದ ಆಗಸ್ಟ್ 5ರಂದು ಅವರು ಪ್ರಭುವಿನಲ್ಲಿ ನಿದ್ರಿಸಿದರು.

ಆ ಬಾಲಕ ನಂಬಿದ್ದು ನಟನನ್ನಲ್ಲ. ಆ ಊರಿನ ಗುರುಗಳು ತಮ್ಮ ನಡತೆಯಿಂದ ನಿಲುವಂಗಿಗೆ ಗಳಿಸಿಕೊಟ್ಟಿದ್ದ ಗೌರವವನ್ನು. ಅಂಥ ನಂಬಿಕೆಗೆ ನಮ್ಮವರೇ ಕೆಲವರು ದ್ರೋಹ ಬಗೆದಿದ್ದಾರೆ. ಹಲವು ದೇಶಗಳಲ್ಲಿ ಇಂದು ಹೆತ್ತವರು ಮಗುವನ್ನು ಗುರುವಿನ ಬಳಿ ಕಳುಹಿಸಲು ಹಿಂಜರಿದರೆ ತಪ್ಪು ಅವರದಲ್ಲ. ಆದ್ದರಿಂದ ಈ ಕಥೆಯನ್ನು ಓದಿದಾಗಲೆಲ್ಲ ನನ್ನಲ್ಲಿ ಮೂಡುವುದು ಹೆಮ್ಮೆಯಲ್ಲ, ಆತ್ಮಶೋಧನೆ.

ಪ್ರಿಯ ಹೆತ್ತವರೇ, ಈ ಮಾತು ನಿಮಗೂ ಸಲ್ಲುತ್ತದೆ. ಜ್ಞಾನಸ್ನಾನದಲ್ಲಿ ನಾವೆಲ್ಲರೂ ಕ್ರಿಸ್ತರನ್ನೇ ಧರಿಸಿಕೊಂಡಿದ್ದೇವೆ ಎನ್ನುತ್ತಾರೆ ಸಂತ ಪೌಲರು. ನಾಟಕ ಮುಗಿದ ಮೇಲೆ ನಟನು ಬಣ್ಣ ಅಳಿಸಿಕೊಂಡು ಮನೆಗೆ ಹೋಗಬಹುದು. ನಮ್ಮ ಮಕ್ಕಳು ಕೈ ಹಿಡಿಯುವುದು ಮನೆಯಲ್ಲಿಯೇ.