ಕೌಂಟ್‌ಡೌನ್ ಸ್ಕ್ರೀನ್ ಸೇವರ್: ಹಾಕೋದು ಸುಲಭ, ಯಾವ ದಿನಕ್ಕೆ ಎಣಿಸಬೇಕು?

ವಿಡಿಯೋ ಪೂರ್ತಿ ನೋಡೋಕೆ ಟೈಮ್ ಇಲ್ಲ ಅನ್ನೋರಿಗೆ, ಆಫೀಸಿಗೆ ಹೆಡ್‌ಫೋನ್ ಮರೆತು ಬಂದೋರಿಗೆ, ಅಲ್ಲಿ ಹೇಳಿದ್ದನ್ನೆಲ್ಲ ಇಲ್ಲಿ ಬರೆದಿದ್ದೀನಿ.

ನಾನಿರೋದು ಪುಣೆಯಲ್ಲಿ, ಊರು ಧಾರವಾಡ. ಹೋದ ವರ್ಷ ಗಣೇಶ ಹಬ್ಬಕ್ಕೆ ಮೂರು ತಿಂಗಳು ಮುಂಚೆಯೇ ಮನೆ ಕಂಪ್ಯೂಟರ್‌ಗೆ ಕೌಂಟ್‌ಡೌನ್ ಸ್ಕ್ರೀನ್ ಸೇವರ್ ಹಾಕಿದ್ದೆ. ಹಿಂದೆ ನಮ್ಮ ಮನೆ ಅಂಗಳದ ಫೋಟೋ, ಮುಂದೆ ದಿನ ಇಳಿಯುತ್ತಾ ಹೋಗುವ ಅಂಕಿ. ನೋಡಿದಾಗಲೆಲ್ಲ ಖುಷಿ. ಇಪ್ಪತ್ತು ದಿನ ಉಳಿದಾಗ ರೈಲಿನ ಟಿಕೆಟ್ ಹುಡುಕಿದೆ. ಎಲ್ಲದರಲ್ಲೂ ವೇಟಿಂಗ್ ಲಿಸ್ಟ್! ಕೊನೆವರೆಗೂ ಸೀಟ್ ಸಿಗಲಿಲ್ಲ, ಊರಿಗೆ ಹೋಗಲಿಲ್ಲ. ಫೋನ್ ಮಾಡಿ ಹೇಳಿದಾಗ ಅವ್ವ, "ಇರ್ಲಿ ಬಿಡಪಾ, ಮುಂದಿನ ಸಲ ಬಾ" ಅಂದಳು. ಆಮೇಲೆ ತಂಗಿ ಹೇಳಿದಳು, ಅವ್ವನೂ ಗೋಡೆ ಕ್ಯಾಲೆಂಡರ್ ಮೇಲೆ ದಿನಾ ಪೆನ್ಸಿಲ್‌ನಿಂದ ಗೀಟು ಹಾಕ್ತಿದ್ದಳಂತೆ.

ಸ್ಕ್ರೀನ್ ಸೇವರ್ ಸರಿಯಾಗಿಯೇ ಎಣಿಸಿತ್ತು. ನಾನು ಕೊಟ್ಟ ತಾರೀಖು ತಪ್ಪಾಗಿತ್ತು. ಅದಕ್ಕೇ ಇವತ್ತು ಎರಡೂ ಹೇಳ್ತೀನಿ: ಹಾಕೋದು ಹೇಗೆ, ಯಾವ ದಿನಕ್ಕೆ ಹಾಕಬೇಕು.

ಮೊದಲು ಹಾಕೋದು

ವಿಂಡೋಸ್ 11ರಲ್ಲಿ ಸೆಟ್ಟಿಂಗ್ಸ್, ಅಲ್ಲಿಂದ ಪರ್ಸನಲೈಸೇಶನ್, ಆಮೇಲೆ ಲಾಕ್ ಸ್ಕ್ರೀನ್. ಕೆಳಗೆ ಸ್ಕ್ರೀನ್ ಸೇವರ್ ಅಂತ ಕಾಣುತ್ತೆ. ಅದನ್ನು ಒತ್ತಿದರೆ ಹಳೇ ಕಾಲದ ಒಂದು ಸಣ್ಣ ಕಿಟಕಿ ತೆರೆಯುತ್ತೆ. ಅದರಲ್ಲಿ ಬಬಲ್ಸ್, ರಿಬ್ಬನ್ಸ್, ಫೋಟೋಸ್, 3ಡಿ ಟೆಕ್ಸ್ಟ್ ಎಲ್ಲ ಇವೆ, ಕೌಂಟ್‌ಡೌನ್ ಇಲ್ಲ. ಅಂದ್ರೆ ಅದನ್ನು ಹೊರಗಿಂದ ತರಬೇಕು.

ಇಲ್ಲೇ ಹುಷಾರಾಗಿರಿ. ಸ್ಕ್ರೀನ್ ಸೇವರ್ ಫೈಲ್‌ನ ಹೆಸರು ಎಸ್‌ಸಿಆರ್ ಅಂತ ಮುಗಿಯುತ್ತೆ. ಅದು ಚಿತ್ರ ಅಲ್ಲ, ಇಎಕ್ಸ್‌ಇ ಥರಾನೇ ಓಡುವ ಪ್ರೋಗ್ರಾಮ್. ಹೆಸರು ಬೇರೆ, ಒಳಗಿನ ಸರಕು ಅದೇ. ವೈರಸ್ ಬಿಡೋರಿಗೆ ಇದು ಹಳೇ ದಾರಿ. ಹಾಗಾಗಿ ತಯಾರಿಸಿದವರ ಸ್ವಂತ ಸೈಟ್‌ನಿಂದ ಮಾತ್ರ ಇಳಿಸಿಕೊಳ್ಳಿ, ಸ್ಕ್ಯಾನ್ ಮಾಡಿ, ಆಮೇಲೆ ಫೈಲ್ ಮೇಲೆ ರೈಟ್ ಕ್ಲಿಕ್ ಮಾಡಿ ಇನ್‌ಸ್ಟಾಲ್ ಒತ್ತಿ. ಅದೇ ಕಿಟಕಿ ಮತ್ತೆ ತೆರೆದು ಹೊಸದು ಪಟ್ಟಿಯಲ್ಲಿ ಕಾಣುತ್ತೆ.

ಆಫೀಸ್ ಲ್ಯಾಪ್‌ಟಾಪ್‌ನಲ್ಲಿ ಈ ಸಾಹಸ ಬೇಡವೇ ಬೇಡ. ಬಹಳ ಕಂಪನಿಗಳಲ್ಲಿ ಆ ಆಯ್ಕೆಗಳು ಮಸುಕಾಗಿ, ಒತ್ತೋಕೆ ಬಾರದ ಹಾಗೆ ಇರುತ್ತವೆ. ಅದು ಪಾಲಿಸಿ. ಅದನ್ನು ದಾಟೋಕೆ ಹೋಗಬೇಡಿ, ಫೋನ್‌ನಲ್ಲಿ ಒಂದು ಕೌಂಟ್‌ಡೌನ್ ವಿಜೆಟ್ ಹಾಕಿಕೊಳ್ಳಿ, ಸಾಕು.

"ಹಾಕಿದೆ, ಆದ್ರೆ ಬರ್ತಾನೇ ಇಲ್ಲ" ಅಂತ ಕೆಲವರು ಕೇಳ್ತಾರೆ. ಪವರ್ ಸೆಟ್ಟಿಂಗ್ಸ್ ನೋಡಿ. ಐದು ನಿಮಿಷಕ್ಕೆ ಸ್ಕ್ರೀನ್ ಆಫ್ ಅಂತಿದ್ದು, ಸ್ಕ್ರೀನ್ ಸೇವರ್‌ನ ವೇಟ್ ಹತ್ತು ನಿಮಿಷ ಅಂತಿದ್ರೆ, ಅದು ಬರೋಕೆ ಮುಂಚೆಯೇ ಪರದೆ ಕತ್ತಲಾಗಿರುತ್ತೆ. ವೇಟ್ ಕಡಿಮೆ ಮಾಡಿ. ಆನ್ ರೆಸ್ಯೂಮ್ ಅಂತ ಇರೋ ಬಾಕ್ಸ್‌ಗೆ ಟಿಕ್ ಹಾಕಿದ್ರೆ, ಎದ್ದಾಗ ಪಾಸ್‌ವರ್ಡ್ ಕೇಳುತ್ತೆ. ರೂಮ್‌ಮೇಟ್ ಇದ್ದೋರು ಟಿಕ್ ಹಾಕೋದೇ ಒಳ್ಳೇದು.

ನಮ್ಮದಾಗಿ ಮಾಡ್ಕೊಳ್ಳೋದು

ಫೋಟೋ ಆರಿಸುವಾಗ ಸ್ವಲ್ಪ ಕಪ್ಪು ಹಿನ್ನೆಲೆ ಇರೋದು ತಗೊಳ್ಳಿ, ಅಂಕಿ ಎದ್ದು ಕಾಣುತ್ತೆ. ಕನ್ನಡದಲ್ಲಿ ಬರೆದದ್ದು ಚೌಕ ಚೌಕವಾಗಿ ಕಂಡರೆ ಫಾಂಟ್ ಬದಲಿಸಿ. ವಿಂಡೋಸ್ ಜೊತೆಗೇ ಬರುವ ನಿರ್ಮಲಾ ಯುಐ ಫಾಂಟ್‌ನಲ್ಲಿ ಕನ್ನಡ ಇದೆ. ನಿಮ್ಮದು ಓಎಲ್‌ಇಡಿ ಪರದೆ ಆಗಿದ್ರೆ ಅಂಕಿ ಒಂದೇ ಜಾಗದಲ್ಲಿ ನಿಲ್ಲದೆ ಓಡಾಡುವಂಥದ್ದು ಆರಿಸಿ. ದಿನಗಟ್ಟಲೆ ಒಂದೇ ಕಡೆ ಬೆಳಗಿದ್ರೆ ಅಲ್ಲಿ ಗುರುತು ಉಳಿಯಬಹುದು. ಹಳೇ ಡಬ್ಬಾ ಮಾನಿಟರ್ ಕಾಲದಲ್ಲಿ ಸ್ಕ್ರೀನ್ ಸೇವರ್ ಬಳಕೆಗೆ ಬಂದದ್ದೇ ಈ ಕಾರಣಕ್ಕೆ.

ಇನ್ನೊಂದು ಮಾತು. ಪರದೆ ಎಲ್ಲರಿಗೂ ಕಾಣುತ್ತೆ. ನೋಟಿಸ್ ಪೀರಿಯಡ್ ಎಣಿಸೋರು ಹೆಸರು ಬರೆಯೋ ಮುಂಚೆ ಎರಡು ಸಲ ಯೋಚಿಸಿ!

ಈಗ ತಾರೀಖು

ರೈಲಿನ ಮುಂಗಡ ಬುಕಿಂಗ್ ಮೊದಲು 120 ದಿನ ಮುಂಚೆ ತೆರೀತಿತ್ತು. 2024ರ ನವೆಂಬರ್ 1ರಿಂದ ಅದು 60 ದಿನ, ಪ್ರಯಾಣದ ದಿನ ಬಿಟ್ಟು. ಬೆಳಿಗ್ಗೆ 8 ಗಂಟೆಗೆ ಶುರು. 2026ರಲ್ಲಿ ಗಣೇಶ ಚೌತಿ ಸೆಪ್ಟೆಂಬರ್ 14, ಸೋಮವಾರ. ಹಿಂದಿನ ಶುಕ್ರವಾರ, ಅಂದ್ರೆ 11ನೇ ತಾರೀಖು ಹೊರಡಬೇಕು ಅಂದ್ರೆ ಬುಕಿಂಗ್ ತೆರೆಯೋದು ಜುಲೈ 13, ಸೋಮವಾರ. ನನ್ನ ಸ್ಕ್ರೀನ್ ಸೇವರ್‌ನಲ್ಲಿ ಹಬ್ಬದ ದಿನದ ಬದಲು ಈಗ ಈ ತಾರೀಖಿದೆ: ಜುಲೈ 13, ಬೆಳಿಗ್ಗೆ 8.

ಪುಣೆಯವರಿಗೆ ಇನ್ನೊಂದು ಸೂಕ್ಷ್ಮ ಇದೆ. ಈ 60 ದಿನ ರೈಲು ಮೂಲ ನಿಲ್ದಾಣದಿಂದ ಹೊರಡುವ ದಿನದಿಂದ ಲೆಕ್ಕ. ಮುಂಬೈಯಿಂದ 11ರ ರಾತ್ರಿ ಹೊರಟ ರೈಲು ಪುಣೆಗೆ ನಡುರಾತ್ರಿ ದಾಟಿ ಬಂದರೆ, ನಿಮ್ಮ ಟಿಕೆಟ್‌ನಲ್ಲಿ 12 ಅಂತಿರುತ್ತೆ, ಬುಕಿಂಗ್ ಮಾತ್ರ 11ರ ಲೆಕ್ಕಕ್ಕೇ ತೆರೆದಿರುತ್ತೆ. 12ರಿಂದ ಎಣಿಸಿದೋರು ಒಂದು ದಿನ ಹಿಂದೆ ಬಿದ್ದರು ಅಂತಲೇ ಲೆಕ್ಕ.

ಕೊನೆಗೆ, ತಾರೀಖು ಕೊಟ್ಟು ಗಂಟೆ ಕೊಡದೇ ಬಿಡಬೇಡಿ. ಕೆಲವು ಕೌಂಟ್‌ಡೌನ್‌ಗಳು ಬರೀ ತಾರೀಖನ್ನು ಯುಟಿಸಿ ಮಧ್ಯರಾತ್ರಿ ಅಂದ್ಕೊಳ್ಳುತ್ತವೆ. ಅದು ನಮ್ಮ ಬೆಳಗಿನ 5:30. ನಾಳೆ ಬೆಳಿಗ್ಗೆ 8ಕ್ಕೆ ಅಂತ ಒಮ್ಮೆ ಹಾಕಿ, ಎಷ್ಟು ಗಂಟೆ ತೋರಿಸುತ್ತೆ ಅಂತ ಕೈಲೆಕ್ಕ ಮಾಡಿ ನೋಡಿ. ಸರಿ ಬಂದ್ರೆ ನಿಜವಾದ ತಾರೀಖು ಹಾಕಿ.

ಟಿಕೆಟ್ ಕೈಗೆ ಬಂದ ದಿನ ತಾರೀಖು ಬದಲಿಸ್ತೀನಿ. ಅವತ್ತಿಂದ ನನ್ನದೂ ಅವ್ವನದೂ ಒಂದೇ ಲೆಕ್ಕ. ನಿಮ್ಮ ಮನೆಯಲ್ಲೂ ಯಾರೋ ಗೀಟು ಹಾಕ್ತಿರ್ತಾರೆ, ಜುಲೈ ಮರೀಬೇಡ್ರಿ. ಮುಂದಿನ ವಿಡಿಯೋದಲ್ಲಿ ಸಿಗೋಣ. ನಮಸ್ಕಾರ.