ಮರೆತ ಸಮರಗಳೂ ಚಲಚ್ಚಿತ್ರಗಳೂ

ಜನಸಾಮಾನ್ಯರು ಇಂದು ಚರಿತ್ರೆಯನ್ನು ಗ್ರಂಥಗಳಿಂದ ಕಲಿಯುವುದಕ್ಕಿಂತ ಬೆಳ್ಳಿತೆರೆಯಿಂದ ಕಲಿಯುವುದೇ ಹೆಚ್ಚು. ಆದುದರಿಂದ ಚಿತ್ರವಾಗದ ಯುದ್ಧವು ಜನಮನದಲ್ಲಿ ನಡೆದೇ ಇಲ್ಲವೆಂಬಂತಾಗುತ್ತದೆ. ಕನ್ನಡದಲ್ಲಿ ಇಮ್ಮಡಿ ಪುಲಿಕೇಶಿಯು 1967ರಲ್ಲಿಯೂ, ಮಯೂರನು 1975ರಲ್ಲಿಯೂ, ಸಂಗೊಳ್ಳಿ ರಾಯಣ್ಣನು 2012ರಲ್ಲಿಯೂ ತೆರೆಯನ್ನೇರಿದರು. ಇದು ಸಂತೋಷದ ವಿಷಯವೇ ಸರಿ. ಆದರೆ ನಮ್ಮ ಮುತ್ತಜ್ಜಂದಿರು ಕಾದಿದ ಸಮರಗಳ ಗತಿಯೇನು?

1918ರ ಸೆಪ್ಟೆಂಬರ್ 23ರಂದು ಪ್ಯಾಲೆಸ್ತೀನಿನ ಹೈಫಾ ಪಟ್ಟಣದ ಮುಂದೆ ಮೈಸೂರು ಮತ್ತು ಜೋಧಪುರ ಸಂಸ್ಥಾನಗಳ ಕುದುರೆಪಡೆಗಳು ನಿಂತಿದ್ದವು. ಮೈಸೂರಿನ ಒಂದು ತುಕಡಿಯು ಕಾರ್ಮೆಲ್ ಬೆಟ್ಟದ ಕಡಿದಾದ ದಾರಿಯನ್ನೇರಿ, ಮೇಲಿದ್ದ ಫಿರಂಗಿಗಳನ್ನು ಹಿಡಿಯಹೋಯಿತು. ಜೋಧಪುರದವರು ಬೆಟ್ಟಕ್ಕೂ ಕಿಶೋನ್ ನದಿಯ ಕೆಸರಿಗೂ ನಡುವಣ ಇಕ್ಕಟ್ಟಿನಲ್ಲಿ ಭರ್ಜಿ ಹಿಡಿದು ನುಗ್ಗಿದರು. ಅವರ ನಾಯಕ ಮೇಜರ್ ದಳಪತ್ ಸಿಂಗರು ಅಲ್ಲಿಯೇ ಮಡಿದರು. ಸಂಜೆಯೊಳಗೆ ಪಟ್ಟಣವು ವಶವಾಯಿತು; ಸುಮಾರು 1,350 ಮಂದಿ ಸೆರೆಸಿಕ್ಕರು. ದೆಹಲಿಯ ತೀನ್ ಮೂರ್ತಿಯ ಮೂವರು ಕಂಚಿನ ಯೋಧರಲ್ಲಿ ಒಬ್ಬನು ಮೈಸೂರಿನವನೆಂಬುದನ್ನು ನಮ್ಮ ಸುಶಿಕ್ಷಿತರಲ್ಲಿಯಾದರೂ ಎಷ್ಟು ಮಂದಿ ಬಲ್ಲರು? ಬೆಂಗಳೂರಿನ ಜಯಚಾಮರಾಜೇಂದ್ರನಗರದ ಸ್ಮಾರಕದ ಮುಂದೆ ನಿಲ್ಲುವವರೆಷ್ಟು ಮಂದಿ? ಹಿತ್ತಲ ಗಿಡ ಮದ್ದಲ್ಲವೆಂಬ ಗಾದೆಗೆ ಇದಕ್ಕಿಂತ ಬೇರೆ ನಿದರ್ಶನ ಬೇಡ.

ಅದೇ ರಣರಂಗದಲ್ಲಿ, 1917ರ ಅಕ್ಟೋಬರ್ 31ರಂದು ಬೀರ್ಷೇಬದ ಮೇಲೆ ನುಗ್ಗಿದ ತಮ್ಮ ರಾವುತರನ್ನು ಕುರಿತು ಆಸ್ಟ್ರೇಲಿಯದವರು 1987ರಲ್ಲಿ ‘ದಿ ಲೈಟ್‌ಹಾರ್ಸ್‌ಮೆನ್’ ಎಂಬ ಚಿತ್ರವನ್ನು ತೆಗೆದರು. ಅಂಥ ಅಭಿಮಾನವು ನಮಗೇಕಿರಬಾರದು?

ಆ ಯುದ್ಧವು ನಮ್ಮದಲ್ಲ, ಸಾಮ್ರಾಜ್ಯಶಾಹಿಯದು. ಅದನ್ನು ಕೊಂಡಾಡುವುದೇತಕ್ಕೆ ಎಂದು ಕೆಲವರು ಕೇಳಬಹುದು. ಆಕ್ಷೇಪವು ಹಗುರವಾದುದಲ್ಲ. ಆ ಮಹಾಯುದ್ಧಕ್ಕಾಗಿ ಭಾರತದಿಂದ ಹತ್ತು ಲಕ್ಷಕ್ಕೂ ಮಿಕ್ಕ ಜನರು ಕಡಲು ದಾಟಿದರು. ಎಪ್ಪತ್ತು ಸಾವಿರಕ್ಕೂ ಹೆಚ್ಚು ಮಂದಿ ಹಿಂದಿರುಗಲಿಲ್ಲ. ಪ್ರತಿಫಲವಾಗಿ ದೊರೆತುದೇನು? ಹೈಫಾ ಬಿದ್ದು ಏಳು ತಿಂಗಳು ತುಂಬುವ ಮೊದಲೇ, 1919ರ ಏಪ್ರಿಲ್ 13ರಂದು, ಜಲಿಯನ್‌ವಾಲಾ ಬಾಗಿನಲ್ಲಿ ನಿರಾಯುಧರ ಮೇಲೆ ಗುಂಡಿನ ಮಳೆಗರೆಯಲಾಯಿತು. ಈ ಎರಡನ್ನೂ ಒಂದೇ ಚಿತ್ರದಲ್ಲಿ ತೋರಿಸುವ ಧೈರ್ಯವುಳ್ಳವನೇ ನಿಜವಾದ ಚಿತ್ರಕಾರನು. ಯೋಧನ ಶೌರ್ಯವೂ ಸತ್ಯ, ಅದನ್ನು ಬಳಸಿಕೊಂಡವರ ಕೃತಘ್ನತೆಯೂ ಸತ್ಯ. ಒಂದನ್ನು ಮರೆಮಾಚಿ ಮತ್ತೊಂದನ್ನು ಮೆರೆಸಿದರೆ ಅದು ಚರಿತ್ರೆಯಾಗದು, ಬರಿಯ ತುತ್ತೂರಿಯಾದೀತು.

ಇಂಥ ಚಿತ್ರಕ್ಕೆ ಹಣವೊಂದೇ ಸಾಲದು. ಸಂಸ್ಥಾನದ ಕಾಲದ ಕಡತಗಳನ್ನೂ ಸೈನ್ಯದ ದಿನಚರಿಗಳನ್ನೂ ಓದಬಲ್ಲ ಚರಿತ್ರಕಾರರು ಮೊದಲ ದಿನದಿಂದಲೇ ಜತೆಗಿರಬೇಕು. ಉಡುಪು, ಆಯುಧ, ಭಾಷೆಗಳು ಆ ಕಾಲಕ್ಕೆ ಒಪ್ಪಬೇಕು. ಎದುರು ನಿಂತ ತುರ್ಕಿಯ ಸಿಪಾಯಿಯನ್ನು ರಾಕ್ಷಸನನ್ನಾಗಿ ಮಾಡಬಾರದು. ಅವನೂ ಯಾವುದೋ ಹಳ್ಳಿಯ ತಾಯಿಯ ಮಗನೇ. ಸರ್ಕಾರವು ತನ್ನ ದಫ್ತರಗಳನ್ನು ಇಂಥವರಿಗೆ ಉದಾರವಾಗಿ ತೆರೆದಿಡಬೇಕು. ಮನೆಗಳಲ್ಲಿ ಹಳೆಯ ಕಾಗದ, ಪದಕ, ಭಾವಚಿತ್ರಗಳನ್ನು ಉಳಿಸಿಕೊಂಡಿರುವವರು ಅವನ್ನು ಗೆದ್ದಲಿಗೆ ಬಿಡದೆ ಕಾಪಾಡಬೇಕು.

ಮಡಿದವರು ಕೀರ್ತಿಯನ್ನು ಬೇಡುವುದಿಲ್ಲ. ಅವರ ಹೆಸರನ್ನರಿಯದೆ ಬೆಳೆಯುವ ಮಕ್ಕಳಿಗೆ ಆಗುವ ನಷ್ಟವೇ ದೊಡ್ಡದು. ಕನ್ನಡ ಚಿತ್ರೋದ್ಯಮಿಗಳು ಈ ಋಣವನ್ನು ಮನಗಾಣುವರೆಂದು ನಾವು ಹಾರೈಸುತ್ತೇವೆ.